ಡಾಕ್ಟ್ರಿಗೆ ಸಿಕ್ಕ ಚಪ್ಪಾಳೆ

ಜೂನ್ ೧೧, ಬೆಳಿಗ್ಗೆ

ನನ್ನ ಜಿಪುಣ ಮೇಷ್ಟ್ರಮ್ಮನಿಗೆ ಅಪ್ಪನ ಆಶೀರ್ವಾದ.

ಹೇಗಿದ್ದೀಯ ಮಗಳೇ? ಅಳಿಯಂದಿರು ಹೇಗಿದ್ದಾರೆ? ಪುಟಾಣಿ ಶಾಲೆಗೆ ಹೊರಡುವಾಗ ಈಗಲೂ ಗೇಟು ಹಿಡಿದುಕೊಂಡು ಅಳುತ್ತಾಳೋ, ಇಲ್ಲಾ ಬುದ್ಧಿ ಬಂತೋ? ನಿನ್ನ ಕಾಗದ ಬಂದು ತಿಂಗಳ ಮೇಲಾಯಿತು. ಉತ್ತರ ಬರೆಯಲಿಲ್ಲ ಎಂದು ಮುಖ ಊದಿಸಿಕೊಳ್ಳಬೇಡ, ತಪ್ಪಾಯಿತು. ಫೋನಾದರೂ ಮಾಡಬಹುದಿತ್ತಲ್ಲ ಎನ್ನಬೇಡ. ಫೋನು ಕಿವಿಗಿಟ್ಟ ಕೂಡಲೇ ನನಗೆ ನಟನೆ ಬಂದುಬಿಡುತ್ತದೆ. ಅದೂ ಅಲ್ಲದೆ ನಿಮ್ಮಮ್ಮ ಪಕ್ಕದಲ್ಲೇ ನಿಂತು ನಾನು ಹೇಳುವ ಪ್ರತಿ ಮಾತನ್ನೂ ತಿದ್ದುತ್ತಾಳೆ. ನಾನು ನಿಜ ಹೇಳುವುದು ನಿನಗೆ ಬರೆಯುವ ಕಾಗದದಲ್ಲಿ ಮಾತ್ರ, ಅದು ನಿನಗೂ ಗೊತ್ತು.

ಇವತ್ತು ಬರೆಯದೇ ಇರಲು ಆಗಲಿಲ್ಲ. ನಿನ್ನೆ ನಡೆದದ್ದನ್ನು ಇನ್ನೂ ನಂಬಲು ಆಗುತ್ತಿಲ್ಲ. ಬೆಳಿಗ್ಗೆ ಎದ್ದವನೇ ಕನಸೋ ಏನೋ ಎಂದು ನಿಮ್ಮಮ್ಮನನ್ನು ಕೇಳಿದೆ. ಸೆಟ್ಟಿನಲ್ಲಿ ನನಗೆ ಚಪ್ಪಾಳೆ ಬಿತ್ತು ಕಣೇ! ನನಗೆ! ಲೈಟಿನವರು, ಕ್ಯಾಮೆರಾದವರು, ಚಹಾ ಕೊಡುವ ಅಮ್ಮ, ಎಲ್ಲರೂ ನಿಂತು ಹೊಡೆದರು.

ನಲವತ್ತು ವರ್ಷ ಈ ಕೆಲಸ ಮಾಡಿದವನು ನಾನು. ಚಪ್ಪಾಳೆ ಎಲ್ಲಿ ಬೀಳುತ್ತದೆ, ಯಾರಿಗೆ ಬೀಳುತ್ತದೆ ಎಂದು ನನಗೆ ಚೆನ್ನಾಗಿ ಗೊತ್ತು. ಹೀರೋ ಮೆಟ್ಟಿಲಿಳಿದರೆ ಬೀಳುತ್ತದೆ. ಹೀರೋಯಿನ್ ಗ್ಲಿಸರಿನ್ ಇಲ್ಲದೆ ಅತ್ತರೆ ಬೀಳುತ್ತದೆ. ಆಪರೇಷನ್ ಕೋಣೆಯಿಂದ ಹೊರಗೆ ಬಂದು, ಕನ್ನಡಕ ತೆಗೆದು, 'ಇನ್ನು ನಮ್ಮ ಕೈಲಿ ಏನೂ ಇಲ್ಲ' ಎಂದು ಹೇಳಿ ಹೋಗುವವನಿಗೆ ಯಾರು ಹೊಡೆಯುತ್ತಾರೆ? 'ಡಾಕ್ಟ್ರು ಆಯ್ತಾ? ಆಯ್ತು. ಮುಂದಿನ ಶಾಟು' ಎನ್ನುತ್ತಾರೆ, ಅಷ್ಟೇ. ಎಷ್ಟು ಕಾರಿಡಾರುಗಳಲ್ಲಿ ಎಷ್ಟು ಸಲ ಕನ್ನಡಕ ತೆಗೆದಿದ್ದೇನೋ ಲೆಕ್ಕವಿಲ್ಲ. ಅದರಿಂದ ಸಿಕ್ಕಿದ್ದು 'ಡಾಕ್ಟ್ರು' ಎಂಬ ಹೆಸರು ಮಾತ್ರ. ಪಕ್ಕದ ಬೀದಿಯವರು ಮಗುವಿಗೆ ಜ್ವರ ಬಂದಾಗ ಆಸ್ಪತ್ರೆ ಬಿಟ್ಟು ನಮ್ಮ ಮನೆಗೆ ಓಡಿ ಬಂದಿದ್ದು ನೆನಪಿದೆಯಾ? ನಾನು ಗಾಬರಿಯಲ್ಲಿ ಮಗುವಿನ ನಾಡಿ ಬೇರೆ ಹಿಡಿದು ನೋಡಿದ್ದೆ. ನೀನು ಬಾಗಿಲ ಹಿಂದೆ ನಿಂತು ಬಾಯಿಗೆ ಬಟ್ಟೆ ತುರುಕಿಕೊಂಡು ನಕ್ಕಿದ್ದೆ.

ಈ ಸಿನಿಮಾದಲ್ಲಿ ನಾನು ಡಾಕ್ಟರಲ್ಲ, ಅಪ್ಪ. ಹೀರೋಯಿನ್ನಿನ ಅಪ್ಪ. ಸಿನಿಮಾದ ಉದ್ದಕ್ಕೂ ಇದ್ದೇನೆ. ಇಷ್ಟು ದೊಡ್ಡ ಪಾತ್ರ ನನಗೆ ಹಿಂದೆ ಸಿಕ್ಕಿಲ್ಲ, ಮುಂದೆ ಸಿಗುವುದೂ ಇಲ್ಲ. ನಿನ್ನೆಯದು ಬಾಗಿಲಿನ ಸೀನು. ಜಗಳವಾಡಿಕೊಂಡು ಮನೆ ಬಿಟ್ಟ ಮಗಳು ವರ್ಷಗಳಾದ ಮೇಲೆ ಬಂದು ಬಾಗಿಲು ತಟ್ಟುತ್ತಾಳೆ. ಅಪ್ಪ ತೆಗೆಯುತ್ತಾನೆ. ಅವನಿಗೆ ಒಂದು ಪುಟದ ಮಾತು ಬರೆದಿದ್ದರು. ಕ್ಷಮೆ, ಕಣ್ಣೀರು, ನಿನ್ನ ಅಮ್ಮ ಇದ್ದಿದ್ದರೆ, ಎಲ್ಲ ಇತ್ತು. ನಾನು ಬಾಗಿಲು ತೆಗೆದೆ. ಆ ಹುಡುಗಿ ನಿಂತಿದ್ದಳು, ಕೈಯಲ್ಲಿ ಚೀಲ. ನೀನು ಹಾಸ್ಟೆಲಿನಿಂದ ಬರುತ್ತಿದ್ದೆಯಲ್ಲ, ಹಾಗೇ ಇದ್ದಳು. ನನಗೆ ಆ ಒಂದು ಪುಟದ ಮಾತೆಲ್ಲ ಮರೆತುಹೋಯಿತು. ಪಕ್ಕಕ್ಕೆ ಸರಿದೆ, ಚೀಲ ಇಸಿದುಕೊಂಡೆ, 'ಬಾಗಿಲು ಹಾಕು, ಸೊಳ್ಳೆ ಬರ್ತವೆ' ಎಂದುಬಿಟ್ಟೆ.

ನಗು ಬಂತಾ? ನಾನು ದಿನಾ ನಿನಗೆ ಹೇಳುತ್ತಿದ್ದ ಮಾತೇ. ನಿರ್ದೇಶಕಿ ಬೈಯುತ್ತಾಳೆ ಎಂದುಕೊಂಡೆ, ನಿನ್ನ ವಯಸ್ಸಿನವಳೇ, ಆದರೆ ಕಟ್ಟುನಿಟ್ಟು. ಅವಳು ಕಟ್ ಹೇಳುವುದನ್ನೇ ಮರೆತು ಕಣ್ಣು ಒರೆಸಿಕೊಳ್ಳುತ್ತಿದ್ದಳು. ಆಮೇಲೆ ಯಾರೋ ಒಬ್ಬರು ಶುರು ಮಾಡಿದರು, ಎಲ್ಲರೂ ಹೊಡೆದರು. ನಾನು ಪೆದ್ದನ ಹಾಗೆ ಆ ಚೀಲ ಹಿಡಿದುಕೊಂಡೇ ನಿಂತಿದ್ದೆ.

ಇನ್ನೊಂದು ಆಶ್ಚರ್ಯ ಕೇಳು. ಪ್ರೊಡಕ್ಷನ್ ಮ್ಯಾನೇಜರ್ ಕಡ್ಡಿ ಗೊತ್ತಲ್ಲ, ಎರಡನೇ ಚಹಾ ಕೇಳಿದರೆ ಕೇಳಿಸದವನ ಹಾಗೆ ಆಕಾಶ ನೋಡುತ್ತಾನಲ್ಲ, ಅವನು ನನಗೆ ತಾನೇ ಕುರ್ಚಿ ಹೊತ್ತು ತರುತ್ತಿದ್ದಾನೆ! ಮನೆ ಬಾಗಿಲಿಗೆ ಕಾರು ಕಳಿಸುತ್ತಿದ್ದಾನೆ. ಚಳಿಗಾಲಕ್ಕೆ ಇಟ್ಟಿದ್ದ ನನ್ನ ಭಾಗದ ಶೂಟಿಂಗನ್ನೂ ಈಗಲೇ ಮುಗಿಸುತ್ತಾರಂತೆ. ಯಾಕೋ ಎಂದರೆ, 'ನಿಮ್ಮ ಡೇಟು ಸಿಗೋದು ಕಷ್ಟ ಡಾಕ್ಟ್ರೇ' ಎನ್ನುತ್ತಾನೆ. ನನ್ನ ಡೇಟು! ನಿಮ್ಮಮ್ಮನಿಗೆ ಹೇಳಿದೆ, ಅವಳು ನಗಲೂ ಇಲ್ಲ. ಪಾತ್ರೆ ತೊಳೆಯಲು ಎದ್ದು ಹೋದಳು.

ಹೊಟ್ಟೆನೋವು ಇದೆ, ಇಲ್ಲವೆನ್ನುವುದಿಲ್ಲ. ಎರಡು ತಿಂಗಳ ಹಿಂದೆ ಆಸ್ಪತ್ರೆಯಲ್ಲಿ ಹುಣ್ಣು ಎಂದು ನಿನ್ನ ಎದುರಿಗೇ ಹೇಳಿದರಲ್ಲ, ಕೊಟ್ಟ ಮಾತ್ರೆ ನುಂಗುತ್ತಿದ್ದೇನೆ. ಸೊರಗಿದ್ದೇನೆ. ಪಾತ್ರಕ್ಕೆ ಒಪ್ಪುತ್ತದಂತೆ.

ಆ ಬಾಗಿಲಿನ ತುಣುಕನ್ನು ನಿನ್ನ ಫೋನಿಗೆ ಕಳಿಸಲು ಕಡ್ಡಿಗೆ ಹೇಳಿದ್ದೇನೆ. ನೋಡಿ ಎಂದಿನಂತೆ ಕಾರ್ಡಿನಲ್ಲಿ ಮಾರ್ಕ್ಸ್ ಹಾಕಿ ಕಳಿಸು. ಆರು ವರ್ಷದವಳಿದ್ದಾಗ ನನ್ನ ಸಾವಿನ ಸೀನಿಗೆ ಹತ್ತಕ್ಕೆ ಎರಡು ಕೊಟ್ಟು 'ಸತ್ತ ಮೇಲೆ ಕಣ್ಣು ಮಿಟುಕಿಸಿದೆ' ಎಂದು ಬರೆದಿದ್ದ ಪಿಶಾಚಿ ನೀನು. ಈವರೆಗೆ ಆರು ದಾಟಿಲ್ಲ. ಈ ಸಲ ಆರೂವರೆ ಕೊಡದಿದ್ದರೆ ನಿನ್ನ ಮನೆಗೇ ಬಂದು ಧರಣಿ ಕೂರುತ್ತೇನೆ, ನೋಡಿಕೋ.

ಪುಟಾಣಿಗೆ ಮುತ್ತು. ಅಳಿಯಂದಿರಿಗೆ ನಮಸ್ಕಾರ.

ಉಬ್ಬಿ ಹೋಗಿರುವ
ನಿನ್ನ ಅಪ್ಪ

•

ಜೂನ್ ೨೪, ಸಂಜೆ

ಮಗಳೇ,

ಚೆನ್ನಾಗಿರು. ಮನೆಮಂದಿ ಎಲ್ಲ ಚೆನ್ನಾಗಿರಿ.

ನಿನ್ನ ಕಾರ್ಡು ಬಂದು ನಾಲ್ಕು ದಿನವಾಯಿತು. ತಡವಾಗಿ ಬರೆಯುತ್ತಿದ್ದೇನೆ, ಹೊಟ್ಟೆಗೆ ಹಾಕಿಕೋ. ಅಕ್ಷರ ಸೊಟ್ಟಗಿವೆ. ಪೆನ್ನು ಮೂರು ಸಲ ಕೆಳಗಿಟ್ಟು ಮೂರು ಸಲ ಎತ್ತಿಕೊಂಡೆ. ಎಲ್ಲಿಂದ ಶುರು ಮಾಡಲಿ ತಿಳಿಯುತ್ತಿಲ್ಲ. ನಡೆದದ್ದು ನಡೆದ ಹಾಗೆ ಬರೆದುಬಿಡುತ್ತೇನೆ.

ಕಾರ್ಡು ಬಂದಾಗ ನಿಮ್ಮಮ್ಮ ತರಕಾರಿ ತರಲು ಹೋಗಿದ್ದಳು. ಬಾಗಿಲಲ್ಲೇ ನಿಂತು ಓದಿದೆ. 'ಹತ್ತಕ್ಕೆ ಹತ್ತು, ಅಪ್ಪ.' ಅಷ್ಟೇ ಇತ್ತು. ಮೊದಲು ಖುಷಿಯಿಂದ ಕೂಗಿಯೇ ಬಿಟ್ಟೆ. ಕುರ್ಚಿಯಲ್ಲಿ ಕೂತು ಇನ್ನೊಂದು ಸಲ ಓದಿದೆ. ಕಾರ್ಡು ತಿರುಗಿಸಿ ಹಿಂದೆ ಬೇರೇನಾದರೂ ಬರೆದಿದ್ದೀಯಾ ಎಂದು ಹುಡುಕಿದೆ. ನನ್ನ ಮಗಳು ಹತ್ತು ಕೊಡುವವಳಲ್ಲ. ಎಂಟನ್ನೂ ಕೊಡುವವಳಲ್ಲ. ನಿನ್ನ ತರಗತಿಯ ಮಕ್ಕಳ ಉತ್ತರ ಸರಿಯಿದ್ದರೂ ಗೆರೆ ಸೊಟ್ಟಗಿದ್ದರೆ ಅರ್ಧ ಮಾರ್ಕು ಕಳೆಯುತ್ತೀಯ ಎಂದು ಅಳಿಯಂದಿರೇ ದೂರು ಹೇಳುತ್ತಿರುತ್ತಾರೆ. ಆದರೂ ಮನಸ್ಸಿಗೆ ಸಮಾಧಾನ ಹೇಳಿಕೊಂಡೆ, ನಿಜವಾಗಿಯೂ ಚೆನ್ನಾಗಿ ಮಾಡಿರಬೇಕು ಎಂದು. ಮುದುಕನ ಆಸೆ.

ಇವತ್ತು ಬೆಳಿಗ್ಗೆ ಕಡ್ಡಿ ಕಾರು ಕಳಿಸಿದ. ನನ್ನ ಭಾಗವೆಲ್ಲ ಮುಗಿದಿತ್ತು, ಡಬ್ಬಿಂಗ್ ಕೂಡ. ಏನೋ ಚಿಲ್ಲರೆ ಕೆಲಸ ಉಳಿದಿದೆ, ಒಂದು ಗಂಟೆ ಸಾಕು ಎಂದ. ಹೋದೆ. ಮೇಕಪ್ಪಿನವನು ನನ್ನ ಹಳೆಯ ದೋಸ್ತು. ನನ್ನ ಬೋಳುತಲೆಗೆ ಬೈಯದೆ ಬ್ರಷ್ ಮುಟ್ಟುವವನಲ್ಲ. ಇವತ್ತು ಬೈಯದೆಯೇ ಬ್ರಷ್ ಎತ್ತಿಕೊಂಡ. ಕನ್ನಡಿಯಲ್ಲಿ ನಾನು ಅವನ ಕಣ್ಣು ಹುಡುಕಿದರೆ ಅವನು ಪೌಡರ್ ಡಬ್ಬಿ ಹುಡುಕುತ್ತಾನೆ.

ಸ್ಟುಡಿಯೋ ಒಳಗೆ ಹೋದರೆ ಸೆಟ್ಟೇ ಇಲ್ಲ. ಬಾಗಿಲು, ಕಿಟಕಿ, ಮನೆ ಎಲ್ಲ ಕಳಚಿ ಗೋಡೆಗೆ ಒರಗಿಸಿದ್ದರು. ನಡುವೆ ಒಂದು ಬೂದು ಬಣ್ಣದ ಬಟ್ಟೆ ಇಳಿಬಿಟ್ಟು, ಅದರ ಮುಂದೆ ಒಂದು ಸ್ಟೂಲು ಇಟ್ಟಿದ್ದರು. ನಾನು ಕೂತೆ. ನಿರ್ದೇಶಕಿ ಮೆಲ್ಲಗೆ ಬಂದು, 'ಸರ್, ಸ್ವಲ್ಪ ಎಡಗಡೆ ನೋಡಿ' ಎಂದಳು. ನೋಡಿದೆ. 'ಬಲಗಡೆ. ಯಾರೋ ಬಂದ್ರು ಅನ್ನೋ ಥರ. ಹಾ, ಈಗ ಯಾರೋ ಹೊರಟುಹೋದ್ರು ಅನ್ನೋ ಥರ.' ಮಾಡಿದೆ.

'ಇದು ಯಾವ ಸೀನಿಗಮ್ಮ?' ಎಂದು ಕೇಳಿದೆ.

'ಸೀನಿಗೆ ಅಂತ ಅಲ್ಲ ಸರ್. ಹೊಸ ಕ್ಯಾಮೆರಾ. ಸುಮ್ನೆ ಒಂದು ಟೆಸ್ಟು.' ಆಮೇಲೆ, 'ಈಗ ಕಣ್ಣು ಮುಚ್ಕೊಳ್ಳಿ ಸರ್' ಎಂದಳು.

ಕಣ್ಣು ಮುಚ್ಚಿದೆ. ಮುಚ್ಚಿದಾಗ ಕಂಡದ್ದು ಜಡ್ಜ್ ಮಾಮ.

ಜಡ್ಜ್ ಮಾಮ ನಿನಗೆ ನೆನಪಿರಲಿಕ್ಕಿಲ್ಲ, ನೀನು ಚಿಕ್ಕವಳು. ನಾನು ಸಿನಿಮಾಗಳಲ್ಲಿ ಹೇಗೆ ಡಾಕ್ಟರೋ ಹಾಗೆ ಅವರು ಜಡ್ಜ್. ಸುತ್ತಿಗೆ ಬಡಿದು 'ಆರ್ಡರ್ ಆರ್ಡರ್' ಎನ್ನುತ್ತಲೇ ಹಲ್ಲು ಉದುರಿಸಿಕೊಂಡವರು. ಒಂದು ಸಿನಿಮಾದಲ್ಲಿ ನಾವಿಬ್ಬರೂ ಇದ್ದೆವು. ಆಗಲೂ ಮ್ಯಾನೇಜರ್ ಇದೇ ಕಡ್ಡಿ, ಆಗ ಇನ್ನೂ ಹೆಸರಿಗೆ ತಕ್ಕ ಹಾಗೆ ಕಡ್ಡಿಯಂತೆಯೇ ಇದ್ದ. ಒಂದು ದಿನ ಹೀಗೆಯೇ ಬೂದು ಬಟ್ಟೆ ಇಳಿಬಿಟ್ಟರು. ಹೀಗೆಯೇ ಎಡಕ್ಕೆ ನೋಡಿ, ಬಲಕ್ಕೆ ನೋಡಿ, ಕಣ್ಣು ಮುಚ್ಚಿ ಎಂದರು. ಮಾಮ ಕೇಳಿದ್ದಕ್ಕೆ ಕಡ್ಡಿ ಹೇಳಿದ್ದು ಇದೇ ಮಾತು, 'ಹೊಸ ಕ್ಯಾಮೆರಾ ಸರ್, ಟೆಸ್ಟು.' ಅವರಿಗೆ ಕಾಯಿಲೆ ಎಂದು ಸೆಟ್ಟಿನಲ್ಲಿ ಎಲ್ಲರಿಗೂ ಗೊತ್ತಿತ್ತು, ಅವರೊಬ್ಬರನ್ನು ಬಿಟ್ಟು. ನಟ ಮತ್ತೆ ಬರುವ ಭರವಸೆ ಇಲ್ಲದಿದ್ದರೆ ನಮ್ಮಲ್ಲಿ ಮಾಡುವುದೇ ಹಾಗೆ. ಮೊದಲು ಅವನ ಭಾಗ ಮುಗಿಸಿಕೊಳ್ಳುತ್ತಾರೆ. ಕೊನೆಗೆ ಬಟ್ಟೆಯ ಮುಂದೆ ಕೂರಿಸಿ ಒಂದಷ್ಟು ಬರೀ ಮುಖ ತೆಗೆದಿಟ್ಟುಕೊಳ್ಳುತ್ತಾರೆ, ಮುಂದೆ ಎಲ್ಲಿ ಅವನಿಲ್ಲವೋ ಅಲ್ಲಿ ಅಂಟಿಸಲು.

ಅದಕ್ಕೂ ಮುಂಚೆ ಮಾಮನಿಂದ ತೀರ್ಪಿನ ಸೀನು ಮಾಡಿಸಿದ್ದರು. ಪಾಪ, ಮಾತು ತೊದಲಿತು. ಸುತ್ತಿಗೆ ಕೈಯಿಂದ ಜಾರಿತು. ನಾವೆಲ್ಲ ಎದ್ದು ನಿಂತು ಚಪ್ಪಾಳೆ ಹೊಡೆದೆವು. ಮಾಮ ಎದೆ ಉಬ್ಬಿಸಿಕೊಂಡು ಕಾರು ಹತ್ತಿದರು. ಸಿನಿಮಾ ಬರುವಷ್ಟರಲ್ಲಿ ಅವರಿರಲಿಲ್ಲ. ಆ ತೀರ್ಪಿನ ಸೀನೂ ಸಿನಿಮಾದಲ್ಲಿ ಇರಲಿಲ್ಲ.

ನಾನು ಕಣ್ಣು ಬಿಟ್ಟೆ. ಎದುರಿಗೆ ಅಷ್ಟೂ ಜನ ನಿಂತಿದ್ದರು, ಒಬ್ಬರೂ ನನ್ನ ಕಣ್ಣು ನೋಡುತ್ತಿರಲಿಲ್ಲ. ಕಾರು, ಕುರ್ಚಿ, ಡೇಟು, ಚಳಿಗಾಲದ ಭಾಗ, ಎಲ್ಲ ಒಂದರ ಹಿಂದೆ ಒಂದು ಬಂದು ಬಡಿದವು. ಚಹಾದ ಅಮ್ಮನಿಗೂ ಗೊತ್ತಿತ್ತು ಮಗಳೇ. ಇಡೀ ಸೆಟ್ಟಿನಲ್ಲಿ ಕಥೆ ಗೊತ್ತಿಲ್ಲದೆ ಪಾತ್ರ ಮಾಡುತ್ತಿದ್ದವನು ನಾನೊಬ್ಬನೇ.

ಆದರೂ ನೋಡು, ಬುದ್ಧಿ ಹೋಗುವುದಿಲ್ಲ. 'ಇನ್ನೊಂದ್ಸಲ ತಗೊಳ್ಳಿ, ನಾನು ಕಣ್ಣು ಬೇಗ ಬಿಟ್ಟೆ' ಎಂದೆ. ತೆಗೆದರು. ಎಡಕ್ಕೆ ನೋಡು ಎಂದರೆ ನೋಡಿದೆ, ನಗು ಎಂದರೆ ನಕ್ಕೆ. ಹೇಗೆ ನಕ್ಕೆನೋ ನನಗೇ ಗೊತ್ತಿಲ್ಲ.

ಮುಗಿದ ಮೇಲೆ ಕಡ್ಡಿಯನ್ನು ಹಿಡಿದುಕೊಂಡೆ. ಸೆಟ್ಟಿನ ಹಿಂದೆ ಹಲಗೆಗಳ ಸಂದಿಯಲ್ಲಿ ಬೀಡಿ ಹಚ್ಚುತ್ತಿದ್ದ.

'ಎಷ್ಟು ದಿನ ಅಂತೆ ಕಣೋ?' ಎಂದೆ.

ಬೀಡಿ ಬಾಯಿಂದ ಬಿತ್ತು. 'ಏನು ಡಾಕ್ಟ್ರೇ? ಯಾರು... ಯಾರು ಹೇಳಿದ್ದು ನಿಮಗೆ?'

'ನಿನ್ನ ಬೂದು ಬಟ್ಟೆ ಹೇಳ್ತು. ಜಡ್ಜ್ ಮಾಮಂಗೆ ಹೇಳಿದ ಸುಳ್ಳನ್ನೇ ನನಗೂ ಹೇಳಿಸ್ತೀಯಲ್ಲೋ. ಇಷ್ಟು ವರ್ಷದಲ್ಲಿ ಒಂದು ಹೊಸ ಸುಳ್ಳೂ ಹುಟ್ಟಲಿಲ್ವಾ ನಿನಗೆ?'

ಅವನು ಅಲ್ಲೇ ನೆಲದ ಮೇಲೆ ಕೂತುಬಿಟ್ಟ. ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ಮಗುವಿನ ಹಾಗೆ ಅತ್ತ. ಅಳಬೇಕಾದವನು ನಾನು, ನಾನೇ ಅವನ ಬೆನ್ನು ಸವರುತ್ತಾ ನಿಂತೆ. 'ನನ್ನ ಏನೂ ಕೇಳಬೇಡಿ ಡಾಕ್ಟ್ರೇ, ಆಣೆ ಹಾಕಿಸ್ಕೊಂಡಿದ್ದಾಳೆ' ಎಂದ.

'ಯಾರು? ನಮ್ಮನೆಯವಳಾ?'

'ಅಲ್ಲ. ನಿಮ್ಮ ಮಗಳು.'

ಹಲಗೆ ಹಿಡಿದುಕೊಂಡೆ. ಆ ಹಲಗೆ ನೋಡಿದರೆ, ನಾನು ನಿಂತು ಚಪ್ಪಾಳೆ ತಗೊಂಡ ಬಾಗಿಲು.

ಅವನು ಎಲ್ಲ ಹೇಳಿದ. ನೀನು ಫೋನು ಮಾಡಿದ್ದು, ಡಾಕ್ಟರು ನಿನಗೂ ನಿಮ್ಮಮ್ಮನಿಗೂ ಮಾತ್ರ ನಿಜ ಹೇಳಿದ್ದು, ಚಳಿಗಾಲ ನಾನು ಕಾಣುವುದು ಅನುಮಾನ ಎಂದಿದ್ದು. 'ಅಪ್ಪನ್ನ ತೆಗೆದುಹಾಕಬೇಡಿ ಅಂಕಲ್. ಅವರ ಭಾಗ ಮೊದಲು ಮುಗಿಸ್ಕೊಳ್ಳಿ, ಅವರಿಗೆ ಮಾತ್ರ ಗೊತ್ತಾಗಬಾರದು' ಎಂದು ಫೋನಿನಲ್ಲಿ ಬಿಕ್ಕಿದೆಯಂತೆ. ನಿರ್ಮಾಪಕರು ಬೇರೆಯವರನ್ನು ಹಾಕಿಕೊಳ್ಳೋಣ ಎಂದರಂತೆ. ಕಡ್ಡಿ ಹಟ ಹಿಡಿದು ಕೂತನಂತೆ. ಎರಡನೇ ಚಹಾ ಕೊಡದ ಕಡ್ಡಿ!

ಕಾರಿನಲ್ಲಿ ಬರುವಾಗ ನೆನಪಾಯಿತು. ಅವತ್ತು ಆಸ್ಪತ್ರೆಯಲ್ಲಿ ಆ ಡಾಕ್ಟರು 'ಏನಿಲ್ಲ, ಹುಣ್ಣು' ಎಂದು ಹೇಳುವಾಗ ಕನ್ನಡಕ ತೆಗೆಯಲಿಲ್ಲ. ಕಾಗದ ನೋಡಿಕೊಂಡು ಹೇಳಿದರು. ನಲವತ್ತು ವರ್ಷ ಕೆಟ್ಟ ಸುದ್ದಿಯನ್ನು ಜನರ ಮುಖ ನೋಡಿ ಹೇಳಿದವನಿಗೆ ಆಗಲೇ ತಿಳಿಯಬೇಕಿತ್ತು. ನಾನು ಏನು ಯೋಚಿಸುತ್ತಿದ್ದೆ ಗೊತ್ತಾ? ಈ ಮನುಷ್ಯನಿಗೆ ಡಾಕ್ಟರ ಪಾತ್ರ ಬರುವುದಿಲ್ಲ, ಎದುರಿಗಿದ್ದವರ ಕಣ್ಣಲ್ಲಿ ಕಣ್ಣಿಟ್ಟು ಮಾತಾಡಬೇಕು ಎಂದು.

ಮನೆಗೆ ಬಂದೆ. ಮಧ್ಯಾಹ್ನ. ನಿಮ್ಮಮ್ಮ ಅಡುಗೆಮನೆಯಿಂದ, 'ಬಂದ್ರಾ? ಕೈಕಾಲು ತೊಳ್ಕೊಳ್ರೀ, ಬಿಸಿ ಇದೆ' ಎಂದು ಕೂಗಿದಳು. ದಿನಾ ಕೂಗುವ ಹಾಗೇ. ದನಿಯಲ್ಲಿ ಒಂದು ಎಳೆ ಹೆಚ್ಚುಕಮ್ಮಿ ಇಲ್ಲ. ನಾನು ಬಾಗಿಲಲ್ಲೇ ನಿಂತು ಅವಳನ್ನು ನೋಡಿದೆ. ಎರಡು ತಿಂಗಳಿಂದ ಇವಳಿಗೆ ಗೊತ್ತು. ಎರಡು ತಿಂಗಳಿಂದ ನನ್ನ ಜೊತೆ ಉಪ್ಪು ಹೆಚ್ಚಾಯಿತು, ಕಮ್ಮಿಯಾಯಿತು ಎಂದು ಜಗಳವಾಡುತ್ತಿದ್ದಾಳೆ. ಮದುವೆಮನೆಯ ಫೋಟೋದಲ್ಲಿ ನಗು ಎಂದರೂ ನಗಲು ಬರದ ಹೆಂಗಸು. ಈ ಮನೆಯಲ್ಲಿ ನಟ ಯಾರು ಎಂಬ ಪ್ರಶ್ನೆ ಇವತ್ತಿಗೆ ತೀರ್ಮಾನವಾಯಿತು.

ಹೇಳದೇ ಇರೋಣ, ಅವಳು ಕಷ್ಟಪಟ್ಟು ಕಟ್ಟಿದ್ದನ್ನು ಯಾಕೆ ಬೀಳಿಸಲಿ ಎಂದುಕೊಂಡೆ. ಕೈ ತೊಳೆದು ಬಂದು ಕೂತೆ. ಅವಳು ಬಡಿಸಿದಳು. ನನ್ನ ತಟ್ಟೆಗೆ ತುಪ್ಪ ಹಾಕುವಾಗ ಚಮಚ ಎರಡನೇ ಸಲ ಬಂತು. ಇಷ್ಟು ವರ್ಷ ಕೊಬ್ಬು ಕೊಬ್ಬು ಎಂದು ಒಂದೇ ಚಮಚಕ್ಕೆ ನಿಲ್ಲಿಸುತ್ತಿದ್ದವಳು. ಆ ಎರಡನೇ ಚಮಚ ನೋಡಿ ನನ್ನಿಂದ ತಡೆಯಲು ಆಗಲಿಲ್ಲ. ಎದ್ದು ಪಡಸಾಲೆಗೆ ಹೋಗಿ, ಅಲ್ಲಿಂದ ಮತ್ತೆ ಅಡುಗೆಮನೆ ಬಾಗಿಲಿಗೆ ಬಂದೆ. ಮೆಲ್ಲಗೆ ಕನ್ನಡಕ ತೆಗೆದೆ.

'ಇನ್ನು ನಮ್ಮ ಕೈಲಿ ಏನೂ ಇಲ್ಲ ತಾಯಿ' ಎಂದೆ.

ತಮಾಷೆಯಾಗಿ ಹೇಳೋಣವೆಂದಿದ್ದೆ. ತಮಾಷೆಯಾಗಿ ಬರಲಿಲ್ಲ. ಅವಳ ಕೈಯಿಂದ ಸೌಟು ಬಿತ್ತು. ನನ್ನ ಮುಖ ನೋಡಿದಳು, ನಾನು ಅವಳ ಮುಖ ನೋಡಿದೆ. 'ಯಾರ್ರೀ ಹೇಳಿದ್ದು ನಿಮಗೆ? ಯಾವ ಹಾಳಾದವನು ಹೇಳಿದ್ದು?' ಎಂದು ಓಡಿ ಬಂದು ಒದ್ದೆ ಕೈಯಲ್ಲೇ ನನ್ನ ಎದೆಗೆ ಗುದ್ದಿದಳು, ನಾನೇ ಏನೋ ತಪ್ಪು ಮಾಡಿದ ಹಾಗೆ. ಆಮೇಲೆ ಅಲ್ಲೇ ಕುಸಿದಳು. ನಾನೂ ಕೂತೆ. ಅನ್ನ ಆರಿಹೋಯಿತು. ಇಬ್ಬರೂ ಅತ್ತೆವು ಮಗಳೇ, ಮುಚ್ಚುಮರೆ ಯಾಕೆ.

ಅತ್ತು ಮುಗಿದ ಮೇಲೆ ಅವಳು, 'ಸದ್ಯ, ಇನ್ನು ನಿಮ್ಮ ಜೊತೆ ಜಗಳ ಆಡೋ ಕಷ್ಟ ತಪ್ತು' ಎಂದಳು. ಎಷ್ಟೋ ದಿನದಿಂದ ಜಗಳವನ್ನೂ ಬೇಕೆಂದೇ ಹುಡುಕಿ ಆಡುತ್ತಿದ್ದಳಂತೆ, ನನಗೆ ಸಂಶಯ ಬರಬಾರದೆಂದು. ಈಗ ಒಳಕೋಣೆಯಲ್ಲಿ ಮಲಗಿದ್ದಾಳೆ. ನಿದ್ದೆ ಬಂದಿದೆ, ಗೊರಕೆ ಕೇಳಿಸುತ್ತಿದೆ. ಇಷ್ಟು ಗಾಢವಾಗಿ ಮಲಗಿ ಎಷ್ಟು ದಿನವಾಗಿತ್ತೋ.

ನಾನು ಹೇಗಿದ್ದೇನೆ ಎಂದು ಕೇಳುತ್ತೀಯ. ಗೊತ್ತಿಲ್ಲ ಕಣೇ. ಇನ್ನೂ ನಂಬಿಕೆ ಬಂದಿಲ್ಲ. ನನ್ನ ಚಪ್ಪಲಿ ಬಾಗಿಲಲ್ಲಿದೆ. ನನ್ನ ಕೋಟು ಇಸ್ತ್ರಿಗೆ ಕೊಟ್ಟಿದ್ದೇನೆ, ಶನಿವಾರ ಬರುತ್ತದೆ. ಸಾಯುವವನು ಇಸ್ತ್ರಿಗೆ ಬಟ್ಟೆ ಕೊಡುತ್ತಾನಾ? ಸಿನಿಮಾದಲ್ಲಿ ನಾನು ಸುದ್ದಿ ಹೇಳಿ ಹೊರಟುಬಿಡುತ್ತಿದ್ದೆ. ಹಿಂದೆ ನಿಂತವರಿಗೆ ಏನಾಗುತ್ತದೆ ಎಂದು ತಿರುಗಿ ನೋಡಿದವನಲ್ಲ. ಕ್ಯಾಮೆರಾ ಅವರ ಮೇಲಿರುತ್ತಿತ್ತು, ನಾನು ಆಚೆ ಚಹಾ ಕುಡಿಯುತ್ತಿದ್ದೆ. ಈಗ ಭಯವಾಗುತ್ತಿದೆ. ನಿನಗಲ್ಲದೆ ಇನ್ಯಾರಿಗೆ ಹೇಳಲಿ.

ನಿನ್ನ ಮೇಲೆ ಕೋಪವಿಲ್ಲ. ಇತ್ತು, ಕಾರಿನಲ್ಲಿ ಬರುವಾಗ ಕೆಂಡದಂಥ ಕೋಪವಿತ್ತು. ನನ್ನ ಸಾವು ನನ್ನನ್ನು ಬಿಟ್ಟು ಊರಿಗೆಲ್ಲ ಗೊತ್ತಾ ಎಂದು ಬೈಯಬೇಕೆಂದಿದ್ದೆ. ಆದರೆ ನೀನು ಕಡ್ಡಿಗೆ ಹೇಳದಿದ್ದರೆ ನನ್ನ ಶೂಟಿಂಗು ಅರ್ಧಕ್ಕೇ ನಿಂತು ಆ ಪಾತ್ರ ಇನ್ಯಾರಿಗೋ ಹೋಗುತ್ತಿತ್ತು, ನಾನು ಮಂಚದ ಮೇಲೆ ಮಲಗಿ ಅದಕ್ಕೇ ಕೊರಗುತ್ತಿದ್ದೆ. ಅದು ಗೊತ್ತಿದ್ದೇ ಮಾಡಿದ್ದೀಯ. ಅಷ್ಟು ದೂರದಿಂದ, ಒಬ್ಬಳೇ ಎಲ್ಲ ನುಂಗಿಕೊಂಡು. ನನಗೆ ಕಾಗದ ಬರೆಯುವಾಗ ಪುಟಾಣಿ ಗೇಟಿನ ಕಥೆ ಬೇರೆ ಬರೆಯುತ್ತಿದ್ದೆ.

ಇನ್ನು ನಾಟಕ ಬೇಡ, ಬಂದುಬಿಡು. ಅಳಿಯಂದಿರಿಗೆ ಹೇಳಿ ಪುಟಾಣಿಯನ್ನೂ ಕರೆದುಕೊಂಡು ಬಾ. ರಜೆ ಸಿಗದಿದ್ದರೆ ಸುಳ್ಳು ಹೇಳು, ಈಗ ಅಭ್ಯಾಸವಾಗಿದೆಯಲ್ಲ. ನೀನು ಬರುವ ದಿನ ಬಾಗಿಲು ತೆಗೆದೇ ಇಟ್ಟಿರುತ್ತೇನೆ. ಸೊಳ್ಳೆ ಬಂದರೆ ಬರಲಿ.

ನೂರು ವರ್ಷ ಬಾಳು ನನ್ನ ಕಂದ. ನನ್ನ ಪಾಲಿನ ಉಳಿದದ್ದನ್ನೂ ಸೇರಿಸಿಕೊಂಡು ಬಾಳು.

ನಿನ್ನ ಅಪ್ಪ

ಬರೆಯಬಾರದೆಂದು ಬಿಟ್ಟಿದ್ದ ಮಾತು: ಲಕೋಟೆ ಅಂಟಿಸಿ ಮತ್ತೆ ಬಿಚ್ಚಿದೆ. ಆ ಹತ್ತನ್ನು ವಾಪಸ್ ತಗೋ. ಸಾಯುವುದನ್ನು ಹೇಗೋ ಸಹಿಸಿಕೊಳ್ಳುತ್ತೇನೆ, ಇದನ್ನು ಸಹಿಸಲು ಆಗುತ್ತಿಲ್ಲ. ಜಡ್ಜ್ ಮಾಮನಿಗೆ ನಾನು ಹೊಡೆದ ಚಪ್ಪಾಳೆ ಎಂಥದ್ದು ಎಂದು ನನಗೆ ಗೊತ್ತು. ನಲವತ್ತು ವರ್ಷದಲ್ಲಿ ನನಗೆ ಬಿದ್ದದ್ದು ಒಂದೇ ಚಪ್ಪಾಳೆ. ಅದು ನನಗೆ ಬಿದ್ದದ್ದೋ ನನ್ನ ಕಾಯಿಲೆಗೆ ಬಿದ್ದದ್ದೋ? ನಿರ್ದೇಶಕಿಯನ್ನು ಕೇಳಿದರೆ ಅಳುತ್ತಾಳೆ, ಕಡ್ಡಿಯನ್ನು ಕೇಳಿದರೆ ಸುಳ್ಳು ಹೇಳುತ್ತಾನೆ. ನಿನ್ನನ್ನು ಬಿಟ್ಟರೆ ನನಗೆ ನಿಜ ಹೇಳುವವರು ಯಾರೂ ಇಲ್ಲ, ನೀನೂ ಹತ್ತು ಕೊಟ್ಟು ಕೂತರೆ ನಾನು ಎಲ್ಲಿಗೆ ಹೋಗಲಿ? ಆ ತುಣುಕನ್ನು ಇನ್ನೊಂದು ಸಲ ಹಾಕಿಕೊಂಡು ನೋಡು. ಅಲ್ಲಿ ಬಾಗಿಲು ತೆಗೆಯುವ ಮುದುಕ ಗಟ್ಟಿಮುಟ್ಟಾಗಿದ್ದಾನೆ, ತೊಂಬತ್ತು ವರ್ಷ ಬದುಕಿ ನಿನ್ನ ಪ್ರಾಣ ತಿನ್ನುತ್ತಾನೆ ಎಂದುಕೊಂಡು ನೋಡು. ಅವನು ಕಣ್ಣು ಮಿಟುಕಿಸಿದ್ದರೆ ಹಾಗೆಂದು ಬರೆ. ನಾಲ್ಕು ಕೊಡುವ ಹಾಗಿದ್ದರೆ ನಾಲ್ಕೇ ಕೊಡು, ಬೇಸರ ಮಾಡಿಕೊಳ್ಳುವುದಿಲ್ಲ. ನೀನು ಬರುವವರೆಗೆ ಕಾಯಬೇಡ. ಕಾರ್ಡು ಬೇಗ ಹಾಕು.